ಸೋಮಾರಿಯ ಮೂಗಿನ ಕೆಳಗೆ ಕೆಂಪು ಬಾಗಿಲು

ನಕ್ಷೆ ಇಲಾಖೆಯಿಂದ ಒಬ್ಬ ಹುಡುಗಿ ಬರುತ್ತಾಳಂತೆ, ಇಲ್ಲಿನ ಬೆಟ್ಟ ಬಂಡೆ ಹಳ್ಳ ಕೊಲ್ಲಿಗಳ ಹೆಸರನ್ನೆಲ್ಲ ಬರೆದುಕೊಂಡು ಹೋಗುತ್ತಾಳಂತೆ ಎಂಬ ಸುದ್ದಿ ಕೇಳಿ ವೊಟ್‌ಫ್ಯೋರ್ಡಿನ ಎರಡೂ ದಡದವರಿಗೆ ಖುಷಿಯಾಯಿತು. ಹೊಸಬರು ಯಾರಾದರೂ ಬಂದು ಕೂತು ಕೇಳುತ್ತಾರೆಂದರೆ ಹೇಳಲು ತುದಿಗಾಲಲ್ಲಿ ನಿಂತಿರುವ ಜನ ನಾವು. ಗುನ್ವೋರಳಿಗೆ ಮಾತ್ರ ಆ ದಿನ ಮಧ್ಯಾಹ್ನದ ಮೀನು ಗಂಟಲಲ್ಲಿ ಇಳಿಯಲಿಲ್ಲ.

ವೊಟ್ ಎಂದರೆ ಉಣ್ಣೆಯ ಕೈಗವಸು. ನಾಲ್ಕು ಬೆರಳನ್ನೂ ಒಂದೇ ಚೀಲಕ್ಕೆ ತೂರಿಸಿ ಹೆಬ್ಬೆರಳನ್ನು ಮಾತ್ರ ಪಕ್ಕದಲ್ಲಿ ಬೇರೆ ಇಡುವಂಥದ್ದು, ಚಳಿಗಾಲದಲ್ಲಿ ದೋಣಿಗೆ ಹೋಗುವವರೆಲ್ಲ ಹಾಕಿಕೊಳ್ಳುವಂಥದ್ದು. ಬೆಟ್ಟಗಳ ನಡುವೆ ಹದಿನಾಲ್ಕು ಮೈಲಿ ಒಳಗೆ ನುಗ್ಗಿ ಬಂದ ಈ ಸಮುದ್ರವೂ ಹಾಗೆಯೇ, ಅರ್ಧ ದಾರಿಯಲ್ಲಿ ದಕ್ಷಿಣಕ್ಕೊಂದು ಹೆಬ್ಬೆರಳು ಚಾಚಿಕೊಂಡಿದೆ. ಹಾಗಾಗಿ ಆ ಹೆಸರು ಎಂದು ದಕ್ಷಿಣದ ನೆರಳದಡದವರು ಹೇಳುತ್ತಾರೆ. ಸುಳ್ಳು, ನೆರಳದಡದ ಜಿಪುಣನೊಬ್ಬ ಒಂಟಿ ಕೈಗವಸು ನೀರಿಗೆ ಬೀಳಿಸಿಕೊಂಡು ಮೂರು ದಿನ ಹುಡುಕಿದ, ಅದಕ್ಕೇ ಈ ಹೆಸರು ಎಂದು ಉತ್ತರದ ಬಿಸಿಲದಡದವರು ಹೇಳುತ್ತಾರೆ. ಇವರಿಬ್ಬರಿಗಿಂತ ಮೊದಲಿದ್ದ ಸಾಮಿ ಜನ ಇದನ್ನು ಗಾಳಿ ಹೊಗದ ತಾವು ಎಂದು ಕರೆಯುತ್ತಿದ್ದರಂತೆ. ನವೆಂಬರಿನಲ್ಲಿ ಇಲ್ಲಿ ಟೋಪಿ ಹಾಕಿಕೊಂಡು ನಿಂತು ನೋಡಿದವರಿಗೆ ಆ ಪೂರ್ವಿಕರು ಎಷ್ಟು ತಮಾಷೆಯ ಜನ ಎಂಬುದು ಗೊತ್ತಾಗುತ್ತದೆ.

ಗುನ್ವೋರಳಿಗೆ ಆಗ ಅರವತ್ತಾರು. ಮದುವೆಯಾಗಲಿಲ್ಲ, ಆಗಲಿಲ್ಲವಲ್ಲ ಎಂದು ಕೊರಗಲೂ ಇಲ್ಲ. ಅಪ್ಪ ಇಸಾಕನ ದೋಣಿ, ಅಪ್ಪನ ಗಾಳ, ಅಪ್ಪನ ಮುಂಗೋಪ ಮೂರನ್ನೂ ಒಟ್ಟಿಗೆ ವಹಿಸಿಕೊಂಡು ನೆರಳದಡದ ಹಳದಿ ಮನೆಯಲ್ಲಿ ರಾಣಿಯಂತೆ ಇದ್ದಳು. ಅಪ್ಪ ಕೊಟ್ಟಿದ್ದ ನಾಲ್ಕನೆಯದು ಒಂದಿತ್ತು. ಅದು ಕಣಜ.

ಕಣಜ ಎಂದರೆ ನೀರಿನ ಕೆಳಗಿನ ಒಂದು ದಿಬ್ಬ. ಫ್ಯೋರ್ಡಿನ ನಡುವೆ ಸುತ್ತಲೂ ನೂರಿಪ್ಪತ್ತು ಮಾರು ಆಳವಿರುವಲ್ಲಿ ಅದೊಂದು ಕಡೆ ತಳ ಹದಿನೆಂಟು ಮಾರಿಗೆ ಎದ್ದು ನಿಂತಿದೆ, ವಿಸ್ತಾರ ಒಂದು ಅಂಗಳದಷ್ಟು. ಬಾಗಿಲಿನಷ್ಟು ಅಗಲದ ಚಪ್ಪಟೆ ಮೀನು, ನಾವು ಕ್ವೈಟೆ ಎನ್ನುವುದು, ಅಲ್ಲಿ ಬಂದು ಮಲಗುತ್ತದೆ. ಹದಿನಾಲ್ಕನೆಯ ವಯಸ್ಸಿನಲ್ಲಿ ಅಪ್ಪ ಅವಳನ್ನು ಕರೆದುಕೊಂಡು ಹೋಗಿ, ದೋಣಿಯ ಹಲಗೆಯ ಮೇಲೆ ಕೂರಿಸಿ, ಎರಡು ದಿಕ್ಕು ತೋರಿಸಿದ್ದ. "ನೋಡಿಟ್ಕೋ. ನಮ್ಮಪ್ಪ ನಂಗೆ ತೋರಿಸಿದ್ದು, ನಾನು ನಿಂಗೆ. ಬಾಯಲ್ಲಿ ಮಾತ್ರ ಬರಬಾರ್ದು."

ಸಮುದ್ರದ ಮೇಲೆ ಗೂಟ ಹೊಡೆಯಲಾಗುವುದಿಲ್ಲವಲ್ಲ. ಆದ್ದರಿಂದ ದಡದ ಮೇಲಿನ ಎರಡು ವಸ್ತುಗಳು ಒಂದರ ಕೆಳಗೊಂದು ಬಂದು ನಿಲ್ಲುವವರೆಗೆ ದೋಣಿ ಸರಿಸಬೇಕು. ಇನ್ನೊಂದು ದಿಕ್ಕಿನಲ್ಲಿ ಮತ್ತೆರಡು ಹಾಗೆಯೇ ಕೂಡಬೇಕು. ಎರಡು ಗೆರೆ ಸೇರುವಲ್ಲಿ ಗಾಳ ಬಿಡಬೇಕು. ಇದಕ್ಕೆ ಗುರುತು ಎನ್ನುತ್ತಾರೆ. ಕಣಜದ ಗುರುತು ಹೀಗೆ: ಪೂರ್ವಕ್ಕೆ ನೋಡಿದರೆ ಹೆಬ್ಬೆರಳಿನ ಮೂಲೆಯ ಹಿಂದಿನಿಂದ ಚರ್ಚಿನ ಗೋಪುರ ಆಗ ತಾನೇ ಇಣುಕಬೇಕು. ಉತ್ತರಕ್ಕೆ ನೋಡಿದರೆ ಬಿಸಿಲದಡದಲ್ಲಿ ಸೋಮಾರಿ ಎಂಬ ಬೆಟ್ಟದ ಮೂಗಿನ ನೇರ ಕೆಳಗೆ ಹಿಲ್ಮಾರ್ ಎಂಬವನ ದೋಣಿಮನೆಯ, ಅಂದರೆ ದಡದಲ್ಲಿ ದೋಣಿ ಇಡುವ ಕೊಟ್ಟಿಗೆಯ, ಕೆಂಪು ಬಾಗಿಲು ಬರಬೇಕು.

ವೊಟ್‌ಫ್ಯೋರ್ಡಿನಲ್ಲಿ ಪ್ರತಿ ಮನೆಗೂ ಇಂಥದೊಂದು ಜಾಗ, ಇಂಥದೊಂದು ಗುರುತು, ಮನೆಯವರಿಗೆ ಮಾತ್ರ ಗೊತ್ತಿರುವ ಒಂದು ಹೆಸರು ಉಂಟು. ಎಲ್ಲಿ ಹಿಡಿದಿರಿ ಎಂದು ಯಾರಾದರೂ ಕೇಳಿದರೆ ಉತ್ತರ ಕೊಡದೆ ಸುಮ್ಮನಿರುವುದು ಒರಟುತನ. ನಗುನಗುತ್ತಾ ಸುಳ್ಳು ಹೇಳುವುದೇ ಮರ್ಯಾದೆ. ಕೇಳಿದವರೂ ಸುಳ್ಳೆಂದು ತಿಳಿದೇ ತಲೆದೂಗಿ, ಥ್ಯಾಂಕ್ಸ್ ಹೇಳಿ ಹೋಗುತ್ತಾರೆ. ಇದರಲ್ಲಿ ಯಾರಿಗೂ ಬೇಜಾರಿಲ್ಲ.

ಆದರೆ ಗುನ್ವೋರಳ ಹಿಂದೆ ಯಾರಿದ್ದರು? ಅಣ್ಣತಮ್ಮಂದಿರಿಲ್ಲ, ಮಕ್ಕಳಿಲ್ಲ. ಅವಳು ಹೋದ ದಿನ ಕಣಜವೂ ಹೋದಂತೆ. ದಿಬ್ಬ ಅಲ್ಲೇ ಇರುತ್ತದೆ, ಮೀನೂ ಬಂದು ಮಲಗುತ್ತದೆ, ಆದರೆ ಅಪ್ಪ, ಅಜ್ಜ, ಅಜ್ಜನ ಅಪ್ಪ ಕರೆದ ಹೆಸರನ್ನು ಕರೆಯುವ ನಾಲಿಗೆ ಇರುವುದಿಲ್ಲ. ನಕ್ಷೆಯ ಮೇಲೆ ಅಚ್ಚಾದರೆ ಹೆಸರು ಉಳಿಯುತ್ತದೆ. ಅಚ್ಚಾದರೆ ಮರುದಿನವೇ ಇಪ್ಪತ್ತಾರು ದೋಣಿ ಅಲ್ಲಿ ಬಂದು ನಿಲ್ಲುತ್ತವೆ, ಅಪ್ಪನಿಗೆ ಕೊಟ್ಟ ಮಾತು ನೀರುಪಾಲು. ಹೇಳಿದರೆ ಒಂದು ಕಷ್ಟ, ಬಿಟ್ಟರೆ ಇನ್ನೊಂದು. ಮೀನು ಗಂಟಲಲ್ಲಿ ಇಳಿಯದಿದ್ದುದು ಇದಕ್ಕೇ.

ಹುಡುಗಿ ಜೂನ್ ತಿಂಗಳ ಒಂದು ಗುರುವಾರ ಬಂದಳು. ಹೆಸರು ಸುನ್ನಿವಾ. ಮೂಗಿನ ಮೇಲೆಲ್ಲ ಕಂದು ಚುಕ್ಕೆ, ತುರುಬಿನಲ್ಲಿ ಎರಡು ಪೆನ್ಸಿಲ್, ಕಂಕುಳಲ್ಲಿ ವಿಮಾನದಿಂದ ತೆಗೆದ ಫೋಟೋಗಳ ಸುರುಳಿ. ಬಿಸಿಲದಡದಲ್ಲಿ ಹೊಸ ರಸ್ತೆ ಬರುವುದಿತ್ತು, ಅದಕ್ಕೆ ಮೊದಲು ಸರಿಯಾದ ನಕ್ಷೆ ಬೇಕಿತ್ತು. ಊರ ಸಭಾಮನೆಯಲ್ಲಿ ದಾಗ್ನಿ ಕಾಫಿ ಕುದಿಸಿ, ವಾಫಲ್ ಸುಟ್ಟು, ಕಂದು ಚೀಸು ಹೆರೆದಿಟ್ಟಿದ್ದಳು. ಸಭಾಮನೆಯ ಬೀಗದ ಕೈ, ಊರಿನ ಸುದ್ದಿ ಎರಡೂ ಅವಳ ಸುಪರ್ದಿಯಲ್ಲಿದ್ದವು.

ಸುನ್ನಿವಾ ಮೊದಲು ಹಿಲ್ಮಾರನನ್ನು ಹಿಡಿದಳು. ಬಿಸಿಲದಡದ ಹಿರಿಯ, ಗುನ್ವೋರಳಿಗಿಂತ ಎರಡು ವರ್ಷ ದೊಡ್ಡವನು, ಹೆಂಡತಿ ತೀರಿಕೊಂಡು ಬಹಳ ವರ್ಷವಾದ ಉದ್ದ ಕಾಲಿನ ಮನುಷ್ಯ.

"ನಿಮ್ಮ ಮನೆ ಹಿಂದಿನ ಈ ಬೆಟ್ಟದ ಹೆಸರೇನು?"

"ಬೆಟ್ಟ."

"ಅಂದ್ರೆ ಹೆಸರು?"

"ಬೆಟ್ಟ ಅಂತಲೇ ಕಣಮ್ಮ. ಮನೆ ಹಿಂದೆ ಬಿದ್ಕೊಂಡಿರೋ ಬೆಟ್ಟಕ್ಕೆ ಹೆಸರಿಟ್ಟು ಕರೆದ್ರೆ ಓ ಅಂತ ಬರುತ್ತಾ?"

"ಅದರ ಹೆಸರು ಸೋಮಾರಿ, ಬರ್ಕೋ," ಎಂದಳು ಗುನ್ವೋರ್ ತನ್ನ ಮೂಲೆಯಿಂದ. "ನಮ್ ಕಡೆಯಿಂದ ನೋಡ್ಬೇಕು ನೀನು. ಅಂಗಾತ ಮಲ್ಗಿ, ಮೂಗು ಮೇಲ್ಮಾಡ್ಕೊಂಡು, ಹೊಟ್ಟೆ ಉಬ್ಬಿಸ್ಕೊಂಡಿದೆ. ಬಿಸಿಲದಡದೋರಿಗೆ ತಕ್ಕ ಬೆಟ್ಟ."

"ಹಾಗಾದ್ರೆ ಅವಳ ಮನೆ ಹಿಂದಿಂದೂ ಬರ್ಕೋ," ಎಂದ ಹಿಲ್ಮಾರ್, ಕಾಫಿಯಿಂದ ತಲೆ ಎತ್ತದೆ. "ಗೊಣಗೋ ಮುದುಕಿ. ನಮ್ ಅಜ್ಜನ ಕಾಲದಿಂದ ಅದೇ ಹೆಸರು. ಆಮೇಲೆ ಹೆಸರಿಗೆ ತಕ್ಕ ಮನುಷ್ಯರೂ ಹುಟ್ಟಿದ್ರು."

ಸಭೆ ಹೋ ಎಂದು ನಕ್ಕಿತು. ಸುನ್ನಿವಾ ಪೆನ್ಸಿಲ್ ಕಚ್ಚಿ ಯೋಚಿಸಿದಳು. "ವಿಚಿತ್ರ ಅಲ್ವಾ? ಬೆಟ್ಟದ ಕೆಳಗಿರೋರಿಗೆ ಅದರ ಮುಖಾನೇ ಕಾಣಲ್ಲ. ಎದುರು ದಡದೋರೇ ಹೆಸರಿಡಬೇಕು."

"ಅದಕ್ಕೇ ಒಂದೂ ಒಳ್ಳೇ ಹೆಸರಿಲ್ಲ," ಎಂದಳು ದಾಗ್ನಿ, ವಾಫಲ್ ಮಗುಚುತ್ತ.

ಆ ದಿನ ಆದ ಎಡವಟ್ಟುಗಳು ಒಂದೆರಡಲ್ಲ. ಪಾದ್ರಿಯ ಹೊಟ್ಟೆ ಎಂಬ ಗುಡ್ಡವನ್ನು ದೋಣಿಯಲ್ಲಿರುವಾಗ ಯಾರೂ ಆ ಹೆಸರಿನಿಂದ ಕರೆಯುವುದಿಲ್ಲ, ನೀರಿನ ಮೇಲೆ ಪಾದ್ರಿಯ ಸುದ್ದಿ ಎತ್ತಿದರೆ ಮೀನು ಬರುವುದಿಲ್ಲ. ಅಲ್ಲಿ ಅದು ಕರಿಕೋಟಿನವನ ಹೊಟ್ಟೆ. ಇಬ್ಬರು ಎರಡು ಹೆಸರು ಹೇಳಿದ್ದರಿಂದ ಸುನ್ನಿವಾ ಎರಡು ಗುಡ್ಡ ಬರೆದುಕೊಂಡು, ಎರಡನೆಯದನ್ನು ಫೋಟೋದಲ್ಲಿ ಒಂದು ಗಂಟೆ ಹುಡುಕಿದಳು. ನೆಂಟರಿಗೆ ದಾರಿ ಹೇಳುವಷ್ಟೇ ಶ್ರದ್ಧೆಯಿಂದ ಎಲ್ಲರೂ ಅವಳ ಜೊತೆ ಹುಡುಕಿದರು.

ಮಧ್ಯಾಹ್ನದ ಮೇಲೆ ಮೀನಿನ ಜಾಗಗಳ ಸರದಿ ಬಂತು. ಯಾರೂ ಯಾರೆದುರಿಗೂ ಬಾಯಿ ಬಿಡುವುದಿಲ್ಲ ಎಂಬಷ್ಟು ತಿಳಿವಳಿಕೆ ಸುನ್ನಿವಾಳಿಗೆ ಅಷ್ಟರಲ್ಲಿ ಬಂದಿತ್ತು. ವೇದಿಕೆಯ ಹಿಂದಿನ ಸಣ್ಣ ಕೋಣೆಯಲ್ಲಿ ಮೇಜು ಹಾಕಿಕೊಂಡು, ಮನೆಗೊಬ್ಬರಂತೆ ಒಳಗೆ ಕರೆದು ಬಾಗಿಲು ಹಾಕಿಕೊಂಡಳು. ಒಬ್ಬೊಬ್ಬರೂ ಗಂಭೀರವಾಗಿ ಒಳಗೆ ಹೋಗಿ, ಗಂಭೀರವಾಗಿ ಹೊರಗೆ ಬಂದರು.

ಗುನ್ವೋರ್ ಒಳಗೆ ಹೋದಾಗ ಮೇಜಿನ ಮೇಲೆ ಇಡೀ ಫ್ಯೋರ್ಡ್ ಹರಡಿಕೊಂಡಿತ್ತು. ಗಿಡುಗ ನೋಡುವ ಹಾಗೆ ಅದನ್ನು ಅವಳು ನೋಡಿದ್ದು ಅದೇ ಮೊದಲು. ಹೆಬ್ಬೆರಳು, ಚರ್ಚು, ಸೋಮಾರಿ, ತನ್ನ ಮನೆಯ ಚುಕ್ಕೆ. ನಡುವೆ ಬರೀ ಬೂದು ನೀರು.

"ನಿಮ್ಮ ಜಾಗಕ್ಕೆ ಹೆಸರಿದೆಯಾ?" ಎಂದಳು ಸುನ್ನಿವಾ.

"ಕಣಜ." ಐವತ್ತೆರಡು ವರ್ಷದಲ್ಲಿ ಅವಳು ಆ ಶಬ್ದವನ್ನು ಹೊರಗಿನವರೆದುರು ಆಡಿದ್ದು ಅದೇ ಮೊದಲು. ಮುಖ ಬಿಸಿಯಾಯಿತು.

"ಚೆನ್ನಾಗಿದೆ! ಎಲ್ಲಿ ಬರುತ್ತೆ?"

ಗುನ್ವೋರಳ ಬೆರಳು ತಾನಾಗಿಯೇ ಸರಿಯಿತು. ಫ್ಯೋರ್ಡಿನ ಬಾಯಿಯ ಹತ್ತಿರ, ದೊಡ್ಡ ದ್ವೀಪದ ಹಿಂದೆ, ಕೆಸರು ಬಿಟ್ಟರೆ ಏನೂ ಇಲ್ಲದ ಒಂದು ಹೊಂಡ. ಹೊರಗಿನವರನ್ನು ಅವಳ ಅಪ್ಪ ಕಳಿಸುತ್ತಿದ್ದುದೂ ಅಲ್ಲಿಗೇ. "ಇಲ್ಲಿ," ಎಂದಳು. ಸುನ್ನಿವಾ ಯಾಕೋ ಒಂದು ಗಳಿಗೆ ಅವಳ ಮುಖವನ್ನೇ ನೋಡಿ, ಆಮೇಲೆ ಬರೆದುಕೊಂಡಳು.

ಮನೆಗೆ ಬರುವಾಗ ಗುನ್ವೋರಳಿಗೆ ತನ್ನ ಜಾಣತನದ ಬಗ್ಗೆ ತನಗೇ ಹೆಮ್ಮೆಯಾಗಿತ್ತು. ಹೆಸರೂ ಉಳಿಯಿತು, ಗುಟ್ಟೂ ಉಳಿಯಿತು! ಆಲೂಗೆಡ್ಡೆ ಬೇಯಲಿಟ್ಟಳು. ನೀರು ಕುದಿಯುವಷ್ಟರಲ್ಲಿ ಹೆಮ್ಮೆ ಇಳಿಯಿತು. ಅಪ್ಪ ಜೀವಮಾನದಲ್ಲಿ ಒಮ್ಮೆಯೂ ಗಾಳ ಹಾಕದ ಕೆಸರಿನ ಮೇಲೆ ಅಪ್ಪನ ಕಣಜದ ಹೆಸರು ಅಚ್ಚಾಗುತ್ತದೆ. ನೂರು ವರ್ಷ ಅಲ್ಲೇ ಇರುತ್ತದೆ. ಬಾಯಲ್ಲಿ ಹೇಳಿದ ಸುಳ್ಳು ಗಾಳಿಗೆ ಹೋಗುತ್ತದೆ, ಇದು ಹೋಗುವುದಿಲ್ಲ. ಇಸಾಕನಂಥ ಇಸಾಕ ಕೆಸರಿನಲ್ಲಿ ಗಾಳ ಹಾಕಿಕೊಂಡು ಕೂರುತ್ತಿದ್ದ ಪೆದ್ದ ಎಂದು ಮುಂದೆ ಹುಟ್ಟುವವರು ಓದುತ್ತಾರೆ. ಅವಳಿಗೆ ನಿಜವಾಗಿ ದುಃಖ ಬಂತು. ಆಲೂಗೆಡ್ಡೆಯನ್ನು ಬೆಕ್ಕೂ ತಿನ್ನಲಿಲ್ಲ, ಅವಳೂ ತಿನ್ನಲಿಲ್ಲ.

ಮರುದಿನ ಬೆಳಗ್ಗೆ ಹತ್ತಕ್ಕೆ ಸುನ್ನಿವಾ ತಾನಾಗಿಯೇ ಮನೆಗೆ ಬಂದಳು. ಬೂಟಿನ ತುಂಬ ಕೆಸರು. ಅಡುಗೆಮನೆಯ ಬೆಂಚಿನ ಮೇಲೆ ಕೂತು, ಕೊಟ್ಟ ಕಾಫಿ ಕುಡಿದು, ಫೋಟೋ ಬಿಡಿಸಿದಳು.

"ಇಪ್ಪತ್ತೇಳು ಮನೆ ಗುನ್ವೋರ್. ನಿನ್ನೆ ಇಪ್ಪತ್ತಾರು ಮನೆಯೋರು ತಮ್ಮ ಜಾಗ ತೋರಿಸಿದ್ರು. ಎಲ್ಲಿ ಗೊತ್ತಾ?" ಅವಳು ಹೆಬ್ಬೆರಳನ್ನು ದೊಡ್ಡ ದ್ವೀಪದ ಹಿಂದೆ ಊರಿದಳು. "ಎಲ್ಲ ನನ್ನ ಈ ಉಗುರಿನ ಕೆಳಗೆ."

ಗುನ್ವೋರ್ ಒಲೆಯ ಕಡೆ ತಿರುಗಿಕೊಂಡಳು. ಭುಜ ಕುಲುಕುತ್ತಿತ್ತು.

"ನಗಬೇಡಿ! ಬೆಳಗ್ಗೆ ಐದಕ್ಕೆ ಎದ್ದು, ದಾಗ್ನಿಯೋರ ದೋಣಿಯಲ್ಲಿ ಹೋಗಿ, ಆಳ ನೋಡೋಕೆ ಹಗ್ಗಕ್ಕೆ ಸೀಸ ಕಟ್ಟಿ ಇಳಿಬಿಟ್ಟೆ. ನೂರು ಮಾರು ಕೆಳಗೆ ಬರೀ ಕೆಸರು. ಒಂದು ಏಡಿ ಕೂಡ ಇರ್ಲಿಲ್ಲ."

"ದಾಗ್ನಿ ಏನೂ ಹೇಳ್ಲಿಲ್ವಾ?"

"ಹೋಗು ಮಗಾ, ಒಳ್ಳೇ ಗಾಳಿ ಸಿಗುತ್ತೆ ಅಂದ್ರು."

ಇಬ್ಬರೂ ಸಾಕಾಗುವವರೆಗೆ ನಕ್ಕರು. ಆಮೇಲೆ ಸುನ್ನಿವಾ ಕಣ್ಣೊರೆಸಿಕೊಂಡು, ಸಮುದ್ರದ ಹೆಸರುಗಳನ್ನೆಲ್ಲ ಕೈಬಿಡುತ್ತೇನೆ, ನಾಳೆ ನಾಲ್ಕು ಗಂಟೆಯ ಹಡಗಿಗೆ ಹೊರಡಬೇಕು ಎಂದಳು. "ಒಂದನ್ನು ಬಿಟ್ಟು. ಒಬ್ಬರು ಮಾತ್ರ ಬೇರೆ ಕಡೆ ತೋರಿಸಿದ್ದಾರೆ. ಗುರುತು ಸಮೇತ ಬರೆದುಕೊಟ್ಟಿದ್ದಾರೆ. ಅದಕ್ಕೆ ನಿಮ್ಮ ಒಪ್ಪಿಗೆ ಬೇಕು. ಬದುಕಿರೋರ ಹೆಸರು ಬರುತ್ತೆ ಅದರಲ್ಲಿ."

ಚೀಟಿಯ ಮೇಲೆ ದಪ್ಪ ಅಕ್ಷರದಲ್ಲಿ ಹೀಗೆ ಇತ್ತು: "ಗುನ್ವೋರ್ ಕೂರುವ ಜಾಗ. ಪೂರ್ವಕ್ಕೆ, ಹೆಬ್ಬೆರಳಿನ ಹಿಂದಿನಿಂದ ಚರ್ಚು ಇಣುಕಬೇಕು. ಉತ್ತರಕ್ಕೆ, ಬೆಟ್ಟದ ಮೂಗಿನ ಕೆಳಗೆ ನನ್ನ ದೋಣಿಮನೆಯ ಬಾಗಿಲು." ಕೆಳಗೆ ಹಿಲ್ಮಾರನ ಸಹಿ.

ಗುನ್ವೋರಳ ನಗು ನಿಂತೇ ಹೋಯಿತು. ಕೈಯಲ್ಲಿದ್ದ ಸೌಟನ್ನು ಎಲ್ಲಿಟ್ಟಳೋ ಅವಳಿಗೇ ತಿಳಿಯದು, ಮೂರು ದಿನದ ಮೇಲೆ ಅದು ಸೌದೆಯ ಪೆಟ್ಟಿಗೆಯಲ್ಲಿ ಸಿಕ್ಕಿತು. ಚೀಟಿ ಕಿತ್ತುಕೊಂಡು ನೇರ ದೋಣಿಗೆ ಇಳಿದಳು. ಹಿಂದಿನಿಂದ ಸುನ್ನಿವಾ "ಅದು ಸರ್ಕಾರದ ಕಾಗದ!" ಎಂದು ಕೂಗಿದ್ದು ಇಂಜಿನ್ನಿನ ಸದ್ದಿನಲ್ಲಿ ಮುಳುಗಿತು.

ದಾರಿಯುದ್ದಕ್ಕೂ ಅವಳು ಬೈಗುಳ ಜೋಡಿಸಿಕೊಂಡು ಹೋದಳು. ಕಳ್ಳ. ಸೋಮಾರಿಯ ಕೆಳಗೆ ಹುಟ್ಟಿದ ಕಳ್ಳ. ಎಷ್ಟು ವರ್ಷದಿಂದ ಗೊತ್ತು ಇವನಿಗೆ? ಎಷ್ಟು ಮೀನು ಎತ್ತಿದ್ದಾನೆ? ನೇರವಾಗಿ ಕಣಜಕ್ಕೆ ಹೋದವಳಲ್ಲ ಅವಳು. ಮೊದಲು ಬೇರೆ ಎಲ್ಲಾದರೂ ಅರ್ಧ ಗಂಟೆ ಖಾಲಿ ಗಾಳ ಹಾಕಿ ಕೂತು, ಆಕಳಿಸಿ, ದಾರಿತಪ್ಪಿದವಳ ಹಾಗೆ ತೇಲಿಕೊಂಡು ಬರುತ್ತಿದ್ದಳು. ಐವತ್ತೆರಡು ವರ್ಷ ಆಡಿದ ನಾಟಕ!

ಹಿಲ್ಮಾರನ ದೋಣಿಮನೆ ಬಿಸಿಲದಡದಲ್ಲಿ ಅಲೆಗಳೆಲ್ಲ ಬಂದು ಅಪ್ಪಳಿಸುವ, ನೀರಿಗೆ ಚಾಚಿದ ನೆಲದ ತುದಿಯಲ್ಲಿತ್ತು. ಐವತ್ತಾರನೆಯ ಇಸವಿಯ ಬಿರುಗಾಳಿ ಅದನ್ನು ಒಂದು ಹಲಗೆಯೂ ಉಳಿಯದ ಹಾಗೆ ಹೊತ್ತುಕೊಂಡು ಹೋಗಿತ್ತು. ಇನ್ನಾದರೂ ಒಳಗಿನ ಕೊಲ್ಲಿಯಲ್ಲಿ ಗಾಳಿಮರೆಗೆ ಕಟ್ಟಿಕೋ ಎಂದು ಎರಡೂ ದಡದವರು ಹೇಳಿದ್ದರು. ಅವನು ಕೇಳದೆ ಅದೇ ಕಲ್ಲಿನ ಮೇಲೆ, ಅದೇ ಅಳತೆಗೆ, ಅದೇ ಕೆಂಪು ಬಾಗಿಲಿಟ್ಟು ಕಟ್ಟಿದ. ಹಿಲ್ಮಾರನಷ್ಟು ಮೊಂಡ ಎಂಬ ಮಾತು ಅಂದಿನಿಂದ ನಮ್ಮಲ್ಲಿ ಬಳಕೆಗೆ ಬಂದದ್ದು. ಆಗ ಎಲ್ಲರಿಗಿಂತ ಜೋರಾಗಿ ಅವನನ್ನು ಆಡಿಕೊಂಡು, ಒಳಗೊಳಗೇ ದೇವರಿಗೆ ಕೈಮುಗಿದವಳು ಗುನ್ವೋರ್. ಅವಳ ಗುರುತು ಮರಳಿ ಬಂದಿತ್ತು. ಅದೃಷ್ಟ ಎಂದುಕೊಂಡಿದ್ದಳು.

ಅವನು ಬಾಗಿಲಲ್ಲಿ ಮುರುಕು ಕುರ್ಚಿ ಹಾಕಿಕೊಂಡು ಬಲೆ ಹೆಣೆಯುತ್ತಿದ್ದ.

"ಏಳೋ ಮೇಲೆ! ಏನಿದು?" ಚೀಟಿಯನ್ನು ಅವನ ಮೂಗಿಗೆ ಹಿಡಿದಳು.

"ನನ್ ಅಕ್ಷರ ಓದೋಕೆ ಬರಲ್ವಾ? ಒಳ್ಳೇ ಪೆನ್ನಲ್ಲೇ ಬರ್ದಿದ್ದೆ."

"ನಮ್ಮಪ್ಪನ ಜಾಗ ಅದು! ಎಷ್ಟು ವರ್ಷದಿಂದ ಕದೀತಿದೀಯ?"

"ಒಂದು ಮೀನೂ ಎತ್ತಿಲ್ಲ."

"ಸುಳ್ಳು."

"ಬಿಸಿಲದಡದಲ್ಲಿ ಹುಟ್ಟಿದ್ದೀನಿ, ಸುಳ್ಳು ಹೇಳೋದು ನಂಗೂ ಬರುತ್ತೆ ಕಣೇ. ಇದು ಸುಳ್ಳಲ್ಲ." ಅವನು ಬಲೆ ಕೆಳಗಿಟ್ಟ. "ಇಲ್ಲಿ ಬಾ. ನಾನು ಕೂತಲ್ಲಿ ಕೂರು. ಕೂರು ಅಂದ್ನಲ್ಲ, ಕುರ್ಚಿ ಕಚ್ಚಲ್ಲ."

ಗುನ್ವೋರ್ ಕೂತಳು. ಕೆಂಪು ಬಾಗಿಲಿನ ಚೌಕಟ್ಟಿನೊಳಗೆ ಫ್ಯೋರ್ಡ್ ಕಾಣುತ್ತಿತ್ತು. ಅದರಾಚೆ ನೆರಳದಡ, ಅವಳ ಹಳದಿ ಮನೆ. ಮನೆಯ ಹಿಂದೆ ಗೊಣಗುವ ಮುದುಕಿ ಎಂಬ ಆ ಬೆಟ್ಟ, ತುಟಿ ಮುಂದೆ ಮಾಡಿಕೊಂಡು, ಥೇಟ್ ಮುದುಕಿಯೇ. ಅವಳು ಇಷ್ಟು ಸರಿಯಾಗಿ ಅದನ್ನು ನೋಡಿಯೇ ಇರಲಿಲ್ಲ. ನಡುನೀರಿನಲ್ಲಿ, ಚೌಕಟ್ಟಿನ ಸರಿಯಾಗಿ ಮಧ್ಯದಲ್ಲಿ, ಕಣಜವಿರುವ ಕಡೆ, ಏನೂ ಇಲ್ಲದ ನೀರು ಮಿನುಗುತ್ತಿತ್ತು.

"ಬಲೆ ಹೆಣೀತಾ ತಲೆ ಎತ್ತಿದ್ರೆ ಅಲ್ಲಿ ನೀನು," ಎಂದ ಹಿಲ್ಮಾರ್. "ಒಂದು ಮಾರು ಆಚೆ ಇಲ್ಲ, ಈಚೆ ಇಲ್ಲ. ಮೊದ್ಲು ನಿಮ್ಮಪ್ಪ ಮತ್ತೆ ನೀನು, ಆಮೇಲೆ ನೀನೊಬ್ಳೇ. ಬರೋಕ್ ಮುಂಚೆ ಅಲ್ಲಿ ಇಲ್ಲಿ ಕೂತು ಆಕಳಿಸ್ತಿದ್ದೆಯಲ್ಲ, ದುರ್ಬೀನಲ್ಲಿ ನೋಡಿ ನಾನು, ನನ್ನ ಹೆಂಡತಿ ಇಬ್ರೂ ನಗ್ತಿದ್ವಿ. ಬಹಳ ಚೆನ್ನಾಗಿ ಆಕಳಿಸ್ತೀಯ."

ನಮ್ಮ ಫ್ಯೋರ್ಡಿನಲ್ಲಿ ಕಿಟಕಿಯಲ್ಲಿ ದುರ್ಬೀನು ಇಲ್ಲದ ಮನೆಯೇ ಇಲ್ಲ. ಹಕ್ಕಿ ನೋಡುವುದಕ್ಕೆ ಎಂದು ಹೇಳುವುದು ವಾಡಿಕೆ. ಇದು ಗುನ್ವೋರಳಿಗೆ ಗೊತ್ತಿರಲಿಲ್ಲವೇ? ಅವಳ ಕಿಟಕಿಯಲ್ಲೂ ಒಂದಿತ್ತು.

"ಹಾಗಾದ್ರೆ ಗುರುತು ಹೇಗೆ ಗೊತ್ತಾಯ್ತು? ದಡದಲ್ಲಿ ಕೂತೋರಿಗೆ ಗುರುತು ಕಾಣಲ್ಲ."

ಹಿಲ್ಮಾರ್ ಬಲೆಯ ಸೂಜಿಗೆ ನೂಲು ಸುತ್ತಿಕೊಂಡ. "ಐವತ್ತಾರರಲ್ಲಿ ಇದು ಹೋಯ್ತಲ್ಲ, ಆವಾಗ. ಬಿರುಗಾಳಿ ನಿಂತ ಮೇಲೆ ನೀನು ಬಂದೆ. ಮೂರು ದಿನ ಸುತ್ತಿದೆ ನಡುನೀರಲ್ಲಿ, ಮೊಟ್ಟೆ ಇಟ್ಟ ಜಾಗ ಮರೆತ ಕೋಳಿ ಥರ. ನಾನು ಮನೆ ಕಿಟಕೀಲಿ ನಿಂತು ಏನಾಯ್ತಪ್ಪ ಇವಳಿಗೆ ಅಂತಿದ್ದೆ. ಮೂರನೇ ದಿನ ಹೊಳೀತು. ಇವಳು ನನ್ ಬಾಗಿಲು ಹುಡುಕ್ತಿದಾಳೆ ಅಂತ."

ಗುನ್ವೋರ್ ಕೆಂಪು ಬಾಗಿಲಿನ ಚೌಕಟ್ಟನ್ನು ಕೈಯಿಂದ ಸವರಿದಳು.

"ಎಲ್ರೂ ಕೊಲ್ಲಿ ಒಳಗೆ ಕಟ್ಟು ಅಂದ್ರು. ನೀನೇ ಸಭಾಮನೇಲಿ ನಿಂತು ಹೇಳ್ದೆ, ಈ ಮೊಂಡನ ತಲೇಲಿ ಏನಿದೆ ಅಂತ. ನಿನ್ನ ಮೀನಿತ್ತು ಮಾರಾಯ್ತಿ! ಕಟ್ಟಿ ಮುಗಿದ ಮೇಲೆ ಒಂದೇ ಸಲ ಅಲ್ಲಿಗೆ ಹೋದೆ, ಬಾಗಿಲು ಮೂಗಿನ ಕೆಳಗೆ ಸರಿಯಾಗಿ ಬಂತಾ ನೋಡೋಕೆ. ಆವಾಗ್ಲೇ ಚರ್ಚು ಇಣುಕೋದೂ ಕಾಣ್ತು. ಗಾಳ ತಗೊಂಡು ಹೋಗಿರ್ಲಿಲ್ಲ. ಹದಿನೇಳು ವರ್ಷ ಆಯ್ತು, ಪ್ರತಿ ಚಳಿಗಾಲ ಒಳಗೆ ನುಗ್ಗಿದ ನೀರು ಬಕೀಟಲ್ಲಿ ಎತ್ತಿ ಹಾಕ್ತಿದೀನಿ. ಸೊಂಟ ನೋವು ಬಂದಾಗೆಲ್ಲ ನಿಮ್ಮಪ್ಪನ್ನ ನೆನೆಸ್ಕೋತೀನಿ."

ದಾರಿಯುದ್ದಕ್ಕೂ ಜೋಡಿಸಿಕೊಂಡು ಬಂದ ಬೈಗುಳ ಒಂದೂ ಗುನ್ವೋರಳ ಬಾಯಿಗೆ ಬರಲಿಲ್ಲ. ಹದಿನೇಳು ಚಳಿಗಾಲ ಈ ಮನುಷ್ಯ ತನಗಾಗಿ ನೀರು ಹೊತ್ತ, ತಾನು ಅದನ್ನು ಅದೃಷ್ಟ ಎಂದುಕೊಂಡೆ. ಅವಳಿಗೆ ನಾಚಿಕೆಯಾಯಿತು, ಸಂತೋಷವೂ ಆಯಿತು. ಎರಡನ್ನೂ ಮುಚ್ಚಲು ಸಿಟ್ಟಿನ ದನಿ ತೆಗೆದಳು.

"ಇಷ್ಟು ವರ್ಷ ಬಾಯಿ ಮುಚ್ಕೊಂಡಿದ್ದೋನು ಈಗ್ಯಾಕೆ ಆ ಹುಡುಗಿಗೆ ಹೇಳ್ದೆ?"

"ರಸ್ತೆ." ಹಿಲ್ಮಾರ್ ಹಿಂದಿನ ಇಳಿಜಾರಿನಲ್ಲಿ ನೆಟ್ಟಿದ್ದ ಬಣ್ಣದ ಕಡ್ಡಿಗಳನ್ನು ತೋರಿಸಿದ. ಅವು ಸಾಲಾಗಿ ಬಂದು ದೋಣಿಮನೆಯ ಎಡ ಮೂಲೆಯಲ್ಲಿ ಹೊಕ್ಕು ಬಲ ಮೂಲೆಯಲ್ಲಿ ಹೊರಟಿದ್ದವು. "ಸೆಪ್ಟೆಂಬರಲ್ಲಿ ಒಡೀತಾರೆ. ಈ ಸಲ ಇಲ್ಲೇ ಕಟ್ಟೋಕೆ ಬಿಡಲ್ಲ. ಮತ್ತೆ ಕೋಳಿ ಥರ ಸುತ್ತೋದು ನೋಡೋಕೆ ನಂಗಾಗಲ್ಲ. ಕಾಗದದ ಮೇಲಾದ್ರೂ ಇರ್ಲಿ ಅಂದ್ಕೊಂಡೆ. ನಿಮ್ಮನೇಲಿ ಅದಕ್ಕೆ ಏನಂತಾರೋ ಗೊತ್ತಿರ್ಲಿಲ್ಲ, ನಮ್ಮನೇಲಿ ಅನ್ನೋದನ್ನ ಬರ್ದೆ."

ಅಲೆಯೊಂದು ಬಂದು ಹೊಸ್ತಿಲು ತೊಳೆದು ಹೋಯಿತು. ಹಿಲ್ಮಾರ್ ಅಭ್ಯಾಸಬಲದಿಂದ ಕಾಲೆತ್ತಿದ. ಗುನ್ವೋರಳ ಬೂಟು ಪೂರ್ತಿ ತೊಯ್ದಿತು, ಅವಳು ಗಮನಿಸಲಿಲ್ಲ.

"ಕಣಜ," ಎಂದಳು. "ನಮ್ಮನೇಲಿ ಕಣಜ ಅಂತಾರೆ."

"ಪರವಾಗಿಲ್ಲ," ಎಂದ ಹಿಲ್ಮಾರ್. "ನಂದೇ ಚೆನ್ನಾಗಿತ್ತು."

ಶನಿವಾರ ಬೆಳಗ್ಗೆ ಒಂಬತ್ತಕ್ಕೆ ಇಸಾಕನ ದೋಣಿಯಲ್ಲಿ ಮೂವರು ಹೊರಟರು. ಗುನ್ವೋರ್ ಈ ಸಲ ಎಲ್ಲಿಯೂ ನಿಲ್ಲಲಿ‍ಲ್ಲ, ಆಕಳಿಸಲಿಲ್ಲ. ಚರ್ಚು ಇಣುಕಿತು, ಬಾಗಿಲು ಮೂಗಿನ ಕೆಳಗೆ ಬಂದು ನಿಂತಿತು, ಇಂಜಿನ್ ಆರಿಸಿದಳು. ಸುನ್ನಿವಾ ಸೀಸ ಇಳಿಬಿಟ್ಟಳು. ಹದಿನೆಂಟು ಮಾರು.

"ದೇವ್ರೇ, ನಿಜವಾಗ್ಲೂ ಇದೆ!" ಎಂದಳು. ಈ ಊರಿನಲ್ಲಿ ನಿಜ ಸಿಗುತ್ತದೆ ಎಂಬ ಆಸೆಯನ್ನೇ ಅವಳು ಬಿಟ್ಟಿದ್ದಳು. "ಯಾವ ಹೆಸರು ಬರೀಲಿ?"

ಗುನ್ವೋರಳಿಗೆ ಅಪ್ಪ ನೆನಪಾದ. ಬಾಯಲ್ಲಿ ಬರಬಾರದು ಎಂದಿದ್ದ. ಅಪ್ಪನಿಗೆ ಹೇಳಿಕೊಡಲು ಮಗಳಿದ್ದಳು, ಅವನಿಗೇನು, ಹೇಳಿಬಿಟ್ಟ. ತನಗೆ ಇರುವುದು ಈ ಹುಡುಗಿಯ ಪೆನ್ಸಿಲ್ ಒಂದೇ. ಇಪ್ಪತ್ತಾರು ದೋಣಿ ಬರುವುದಾದರೆ ಬರಲಿ, ಬಂದವರು ಕಣಜ ಎಂದು ಕರೆದುಕೊಂಡಾದರೂ ಬರುತ್ತಾರೆ.

"ಬರಿ ಮಗಾ. ಕಣಜ."

"ಮತ್ತೆ ನಂದು?" ಎಂದ ಹಿಲ್ಮಾರ್.

"ಅದು ನಿನ್ನ ಕಿಟಕಿಗೆ. ಸರ್ಕಾರಕ್ಕಲ್ಲ."

ಮರುವರ್ಷ ಮೇ ತಿಂಗಳಲ್ಲಿ ನಕ್ಷೆ ಅಚ್ಚಾಗಿ ಬಂತು. ದಾಗ್ನಿ ಅದಕ್ಕೆ ಚೌಕಟ್ಟು ಹಾಕಿಸಿ ಸಭಾಮನೆಯ ಗೋಡೆಗೆ ಹೊಡೆದಳು. ಸೋಮಾರಿ ಇದ್ದ, ಗೊಣಗುವ ಮುದುಕಿ ಇದ್ದಳು, ಪಾದ್ರಿಯ ಹೊಟ್ಟೆಯ ಪಕ್ಕ ಇಲ್ಲದ ಗುಡ್ಡವೊಂದು ಕರಿಕೋಟಿನವನ ಹೊಟ್ಟೆ ಎಂಬ ಹೆಸರಿನಲ್ಲಿ ಎದ್ದು ನಿಂತಿತ್ತು. ಇಡೀ ನೀರಿನ ಮೇಲೆ ಇದ್ದದ್ದು ಒಂದೇ ಹೆಸರು. ಕಣಜ. ಜನ ಅದರ ಮುಂದೆ ಕಾಫಿ ಹಿಡಿದು ನಿಂತರು. ಗುನ್ವೋರ್ ಮೂಲೆಯಲ್ಲಿ ಉಸಿರು ಬಿಗಿಹಿಡಿದು ಕೂತಿದ್ದಳು.

ಮೊದಲು ಯಾರೋ ಕಿಸಕ್ ಎಂದರು. ಆಮೇಲೆ ಇಡೀ ಸಭಾಮನೆ ನಕ್ಕಿತು.

"ನಮ್ ಸುಳ್ಳೆಲ್ಲ ಆ ಹುಡುಗಿ ಹಿಡಿದುಬಿಟ್ಲು," ಎಂದಳು ದಾಗ್ನಿ, ಗುನ್ವೋರಳ ಬೆನ್ನು ತಟ್ಟಿ. "ನಿಂದೊಂದು ಮಾತ್ರ ನಂಬಿ ಅಚ್ಚು ಹಾಕಿಸ್ಬಿಟ್ಟಿದಾಳೆ! ನಡುನೀರಲ್ಲಿ ಕಣಜವಂತೆ! ನೂರಿಪ್ಪತ್ತು ಮಾರು ಇರೋ ಕಡೆ! ಏನೇ ಹೇಳು, ಸುಳ್ಳು ಹೇಳಿದ್ರೆ ಇಸಾಕನ ಮಗಳ ಹಾಗೆ ಹೇಳ್ಬೇಕು."

ಆ ಮೂಲೆಯಿಂದ ಈ ಮೂಲೆಯವರೆಗೆ ಎಲ್ಲರೂ ಬಂದು ಅವಳ ಕೈ ಕುಲುಕಿದರು. ಗುನ್ವೋರ್ ಮರ್ಯಾದೆಗೆ ತಕ್ಕಂತೆ ನಾಚಿಕೊಂಡಳು. ಆ ವರ್ಷವಾಗಲಿ ಮುಂದಿನ ವರ್ಷವಾಗಲಿ ಒಂದು ದೋಣಿಯೂ ಅಲ್ಲಿಗೆ ಹೋಗಲಿಲ್ಲ. ಹೊರಗಿನ ಊರಿನ ಮೀನುಗಾರರು ಬಂದು ಕೇಳಿದಾಗಲೂ ನಮ್ಮವರು, ಅಯ್ಯೋ, ನಕ್ಷೆ ನಂಬಬೇಡಿ, ದೊಡ್ಡ ದ್ವೀಪದ ಹಿಂದೆ ಹೋಗಿ ಎಂದು ಕಳಿಸಿದರು.

ದೋಣಿಮನೆ ಸೆಪ್ಟೆಂಬರಿನಲ್ಲೇ ಹೋಗಿತ್ತು. ಹಿಲ್ಮಾರ್ ಬಾಗಿಲನ್ನು ಮಾತ್ರ ಕಿತ್ತಿಟ್ಟುಕೊಂಡು, ರಸ್ತೆಯ ಮೇಲಿನ ಇಳಿಜಾರಿನಲ್ಲಿ, ಮೂಗಿನ ನೇರ ಕೆಳಗೆ, ಎರಡು ಕಂಬ ಹುಗಿದು ನಿಲ್ಲಿಸಿದ. ಹಿಂದೆ ಮನೆಯಿಲ್ಲ, ಮುಂದೆ ಮೆಟ್ಟಿಲಿಲ್ಲ, ಬರೀ ಬಾಗಿಲು. ರಸ್ತೆಯಲ್ಲಿ ಹೋಗುವ ಜರ್ಮನಿಯವರು ಕಾರು ನಿಲ್ಲಿಸಿ ಅದರ ಫೋಟೋ ತೆಗೆಯುತ್ತಾರೆ. ಇದೇನು ಎಂದು ಕೇಳಿದರೆ ಒಬ್ಬೊಬ್ಬರು ಒಂದೊಂದು ಕಥೆ ಹೇಳುತ್ತಾರೆ.

ಬಲೆ ಹೆಣೆಯಲು ಹಿಲ್ಮಾರನಿಗೆ ಇನ್ನು ಜಾಗವಿರಲಿಲ್ಲ. ಕಿಟಕಿಯಲ್ಲಿ ನಿಂತು ಎಷ್ಟು ಹೊತ್ತು ನೋಡುವುದು? ಜೂನ್ ತಿಂಗಳ ಒಂದು ಬೆಳಗ್ಗೆ ಗುನ್ವೋರ್ ಅವನ ದಡಕ್ಕೆ ದೋಣಿ ತಂದು ನಿಲ್ಲಿಸಿ, ಇಳಿಯದೆ ಕೂಗಿದಳು.

"ಬಾರೋ ಮೊಂಡ. ಬಾಗಿಲು ಸರಿಯಾಗಿ ನೆಟ್ಟಿದೀಯೋ ಇಲ್ವೋ ನೋಡ್ಬೇಕು."

ಸರಿಯಾಗಿಯೇ ನೆಟ್ಟಿದ್ದ. ಚರ್ಚು ಇಣುಕಿತು, ಬಾಗಿಲು ಮೂಗಿನ ಕೆಳಗೆ ಕೂತಿತು. ಅತ್ತ ಸಭಾಮನೆಯ ಕಿಟಕಿಯಲ್ಲಿ ದಾಗ್ನಿಯ ದುರ್ಬೀನು ಒಮ್ಮೆ ಮಿನುಗಿತು. ಆ ಜಾಗಕ್ಕೆ ಸಂಜೆಯೊಳಗೆ ಊರಿನವರ ಬಾಯಲ್ಲಿ ಹೊಸ ಹೆಸರೊಂದು ಬಂದೇ ಬರುತ್ತದೆ ಎಂದು ಇಬ್ಬರಿಗೂ ಗೊತ್ತಾಯಿತು, ಅದನ್ನು ಇಡುವವರು ತಾವಲ್ಲ ಎಂದೂ ಗೊತ್ತಿತ್ತು. ಬೇರೆ ದಿನವಾಗಿದ್ದರೆ ಗುನ್ವೋರ್ ದಾಗ್ನಿಯನ್ನು ಇಲ್ಲಿಂದಲೇ ಬೈಯುತ್ತಿದ್ದಳು. ಈಗ ಗಾಳ ಇಳಿಬಿಟ್ಟು, ಹಿಲ್ಮಾರನಿಗೆ ಜಾಗವಾಗುವ ಹಾಗೆ ಅಪ್ಪನ ಹಲಗೆಯ ಮೇಲೆ ಸ್ವಲ್ಪ ಸರಿದು ಕೂತಳು.